ಪಾರ್ಕಿನಲ್ಲೊಂದು ಮುಖ

ಶಂಭುಲಿಂಗಯ್ಯನವರ ಮುಖದಲ್ಲಿ ದೋಷವೇನೂ ಇರಲಿಲ್ಲ. ತೊಂದರೆಯೆಂದರೆ ಅದು ಎರಡು ಕಡೆ ಇತ್ತು. ಒಂದು ಅವರ ಕತ್ತಿನ ಮೇಲೆ. ಇನ್ನೊಂದು ತಿಪಟೂರಿನ ಬಸ್ ನಿಲ್ದಾಣದ ಎದುರಿನ ಪಾರ್ಕಿನಲ್ಲಿ, ಎತ್ತರದ ಕಟ್ಟೆಯ ಮೇಲೆ, ಸಿಮೆಂಟಿನಲ್ಲಿ.

ಪಾರ್ಕಿಗೆ ಜಾಗ ಕೊಟ್ಟ ರೇವಣಸಿದ್ದಯ್ಯ ಎಂಬ ಪುಣ್ಯಾತ್ಮರು ತೀರಿಕೊಂಡು ಅರವತ್ತು ವರ್ಷವಾಗಿತ್ತು. ೧೯೭೮ರಲ್ಲಿ ಪಾರ್ಕ್ ಕಮಿಟಿಯವರು ಅವರ ಪ್ರತಿಮೆ ನಿಲ್ಲಿಸಲು ಹೊರಟಾಗ ಊರಲ್ಲಿ ಒಂದು ಫೋಟೋ ಕೂಡ ಸಿಗಲಿಲ್ಲ. "ನೋಡೋಕೆ ಹೆಂಗಿದ್ರು?" ಎಂದು ಶೆಟ್ಟಿಕೆರೆಯ ಶಿಲ್ಪಿ ದುರ್ಗಯ್ಯ ಕೇಳಿದರೆ, ಅವರನ್ನು ಕಂಡಿದ್ದ ಒಬ್ಬರೇ ಒಬ್ಬ ಮುದುಕರು, "ಒಳ್ಳೇರ ಥರ ಇದ್ರಪ್ಪ" ಎಂದುಬಿಟ್ಟರು. ಕಮಿಟಿ ಅಧ್ಯಕ್ಷ ಬಸವರಾಜಪ್ಪನವರು ತಮ್ಮ ಕೊಬ್ಬರಿ ಮಂಡಿಯಲ್ಲಿ ಸುತ್ತ ಕಣ್ಣಾಡಿಸಿದರು. ಮೂಲೆಯಲ್ಲಿ ಗುಮಾಸ್ತ ಶಂಭುಲಿಂಗಯ್ಯ, ವರ್ಷಗಟ್ಟಲೆ ಅಟ್ಟದ ಮೇಲೆ ಒಣಗಲು ಬಿಟ್ಟ ಕಾಯಿಯಂತೆ, ಅಲುಗಾಡದೆ ಕೂತಿದ್ದರು.

"ಇವರನ್ನೇ ನೋಡ್ಕಂಡು ಮಾಡಪ್ಪ."

ಶಂಭುಲಿಂಗಯ್ಯ ಎಂಟು ಮಧ್ಯಾಹ್ನ ಕೂತರು. ಕತ್ತು ಹಿಡಿದುಕೊಂಡೀತೆಂದು ದುರ್ಗಯ್ಯ ನಡುನಡುವೆ ತಾನೇ ಕಾಫಿ ತಂದುಕೊಡುತ್ತಿದ್ದ.

ಶುಕ್ರವಾರ ಅನಾವರಣವಾಯಿತು. ಹಣೆಗೆ ವಿಭೂತಿ, ಕೊರಳಿಗೆ ಹಾರ, ಮುಂದೆ ಊದುಬತ್ತಿ. ಶನಿವಾರ ಬೆಳಗ್ಗೆ ಬೀದಿ ನಲ್ಲಿಯ ಹತ್ತಿರ ಯಾರೋ ಹೊಸಬಳು ಶಂಭುಲಿಂಗಯ್ಯನವರ ಹೆಂಡತಿ ಸುವರ್ಣಮ್ಮನನ್ನು ಕಂಡು, "ಅಯ್ಯೋ, ನಿಮ್ಮೆಜಮಾನ್ರು ಯಾವಾಗ ಹೋದ್ರಮ್ಮ? ನೆನ್ನೆ ಪಾರ್ಕಲ್ಲಿ ಹಾರ ನೋಡ್ದೆ" ಎಂದು ಕಣ್ಣೊರೆಸಿಕೊಂಡಳು. ಬದುಕಿರುವವರ ಚಿತ್ರಕ್ಕೆ ಹಾರ ಬಿದ್ದರೆ ಆಯುಸ್ಸಿಗೆ ಕೇಡೆಂದು ನಂಬಿದ್ದ ಸುವರ್ಣಮ್ಮ, ಕೊಡವನ್ನು ಅಲ್ಲೇ ಬಿಟ್ಟು, ದಬ್ಬೇಘಟ್ಟದ ತವರಿಗೆ ಬಸ್ಸು ಹತ್ತಿದಳು.

ಭಾನುವಾರ ಬೆಳಗಿನ ಬಸ್ಸಿನ ಕಂಡಕ್ಟರು ಒಂದು ಚೀಟಿ ತಂದುಕೊಟ್ಟ. 'ಸಾಯಂಕಾಲದ ಬಸ್ಸಿಗೆ ಅಪ್ಪ ಅಮ್ಮನ ಜೊತೆ ಬರುತ್ತೇನೆ. ಪಾರ್ಕಿನಲ್ಲಿ ನಿಮ್ಮ ಮುಖ ಕಂಡರೆ ಅದೇ ಬಸ್ಸಿನಲ್ಲಿ ವಾಪಸ್ಸು. ಡಬ್ಬದಲ್ಲಿ ಚಟ್ನಿಪುಡಿ ಇದೆ.'

ಶಂಭುಲಿಂಗಯ್ಯ ಚಟ್ನಿಪುಡಿ ಮುಟ್ಟದೆ ದುರ್ಗಯ್ಯನ ಹತ್ತಿರ ಓಡಿದರು.

"ಸಿಮೆಂಟು ಕಣ್ರೀ. ತೆಗೆಯಕ್ಕಾಗಲ್ಲ, ಸೇರಿಸಬೌದು" ಎಂದ ದುರ್ಗಯ್ಯ. "ಮೂಗು ಕೆತ್ತಕ್ಕೋದ್ರೆ ತಲೆನೇ ಬಂದ್ಬುಟ್ರೆ?"

"ಹಂಗಾರೆ ಏನಾದ್ರೂ ಸೇರಿಸು ಮಾರಾಯ. ಒಟ್ನಲ್ಲಿ ನಾನು ಕಾಣಬಾರ್ದು."

ಬಸವರಾಜಪ್ಪನವರು ಮೊದಲು ಗುಡುಗಿದರು. "ಅನಾವರಣ ಆಗಿರೋ ಪ್ರತಿಮೆ ಕಣ್ರೀ ಅದು, ನಿಮ್ಮನೆ ಗೋಡೆ ಅಲ್ಲ!" ಆಮೇಲೆ ಗುಮಾಸ್ತರ ಬಾಡಿದ ಮುಖ ನೋಡಿ ಮೆತ್ತಗಾದರು. "ಹೋಗ್ಲಿ, ಮೀಸೆ ಇಡ್ರಿ. ಅಂಥ ದೊಡ್ಡೋರಿಗೆ ಮೀಸೆ ಇಲ್ದೆ ಇರುತ್ತಾ?"

ದುರ್ಗಯ್ಯ ಏಣಿ ಹತ್ತಿ ಬಾಡಿದ ಹಾರ ತೆಗೆಯುವಷ್ಟರಲ್ಲಿ ಅರ್ಧ ಊರು ನೆರೆಯಿತು. ಮೀಸೆ ಮೇಲಕ್ಕಿರಬೇಕೆಂದು ಒಂದು ಪಂಗಡ, ಕೆಳಕ್ಕಿರಬೇಕೆಂದು ಇನ್ನೊಂದು. ಅರವತ್ತು ವರ್ಷ ಯಾರೂ ನೆನೆಯದ ರೇವಣಸಿದ್ದಯ್ಯನವರು ಈಗ ಎಲ್ಲರ ಸ್ವಂತ ತಾತನಾಗಿದ್ದರು. ಏಣಿ ಹಿಡಿದಿದ್ದ ಶಂಭುಲಿಂಗಯ್ಯನವರ ನೆತ್ತಿಯ ಮೇಲೆ ಎರಡೂ ಪಂಗಡದ ಸಿಮೆಂಟು ಸಮನಾಗಿ ಬಿತ್ತು. ಕೊನೆಗೆ ಮೀಸೆ ಮೇಲಕ್ಕೇ ನಿಂತಿತು.

"ನೀವು ಪಕ್ಕದಲ್ಲಿ ನಿಂತ್ಕಳಿ ಸ್ವಾಮಿ, ಹೋಲಿಕೆ ನೋಡನ" ಎಂದರು ಜನ.

ನಿಂತರು. ಹಳ್ಳಿಯಿಂದ ಬಂದ ರೈತನೊಬ್ಬ ಇಬ್ಬರನ್ನೂ ನೋಡಿ, ಇಬ್ಬರಿಗೂ ಕೈಮುಗಿದು ಹೋದ.

"ಇನ್ನೂ ಇವರೇ!" ಎಂದು ಎಲ್ಲರೂ ಕೂಗಿದರು.

ತಲೆಗೆ ಪೇಟ ಏರಿತು. ಪಾರ್ಕಿನ ಬಾಗಿಲಲ್ಲಿ ಹೂ ಮಾರುವ ಹುಚ್ಚಕ್ಕ, "ಹಳೇ ಕಾಲದೋರು, ಕಿವಿಗೆ ಒಂಟಿ ಇರ್ತಿತ್ತು ಕಣ್ಲಾ" ಎಂದಳು. ಒಂಟಿಯೂ ಬಂತು. ಹುಬ್ಬು ದಪ್ಪವಾಯಿತು. ನಾಲ್ಕೂವರೆಯ ಹೊತ್ತಿಗೆ ಶಂಭುಲಿಂಗಯ್ಯ ಮತ್ತೆ ಪಕ್ಕದಲ್ಲಿ ನಿಂತಾಗ, ಒಬ್ಬರೂ ಹೋಲಿಕೆ ಹೇಳಲಿಲ್ಲ. ಅವರ ಕಣ್ಣಲ್ಲಿ ನೀರು ಬಂತು. ಹುಚ್ಚಕ್ಕ ತನ್ನ ಸೆರಗಿನಿಂದಲೇ ಅವರ ತಲೆಯ ಸಿಮೆಂಟು ಒರೆಸಿ, "ಪಾಪ, ಮೇಲಿರೋರ ಕೊರಳೂ ಬರಿದಾಗೈತೆ" ಎಂದು ಅಂಗಡಿಯ ದೊಡ್ಡ ಸೇವಂತಿಗೆ ಹಾರವನ್ನು ಪುಕ್ಕಟೆ ಪ್ರತಿಮೆಗೆ ಹಾಕಿಸಿದಳು.

ಐದಕ್ಕೆ ಬಸ್ಸು ಬಂತು. ಮೊದಲು ಇಳಿದ ಸುವರ್ಣಮ್ಮ ಪ್ರತಿಮೆಯ ಕಡೆ ಒಂದೇ ಒಂದು ಸಲ ಕಣ್ಣೆತ್ತಿ, "ಸದ್ಯ, ನೀವಲ್ಲ!" ಎಂದು ಗಂಡನ ಕಡೆ ತಿರುಗಿ ನಕ್ಕಳು. ಆ ನಗುವಿಗೆ ಶಂಭುಲಿಂಗಯ್ಯ ಎಂಟು ಮಧ್ಯಾಹ್ನದ ಕತ್ತುನೋವನ್ನೂ ಮರೆತರು.

ಅಷ್ಟರಲ್ಲಿ ಹಿಂದಿನಿಂದ ಚೀರುವ ದನಿ ಕೇಳಿಸಿತು. ಸುವರ್ಣಮ್ಮನ ತಾಯಿ ವಿಮಲಮ್ಮ ಬಸ್ಸಿನ ಮೆಟ್ಟಿಲ ಮೇಲೆ ಒಂದು ಕಾಲಿಟ್ಟು ಹಾಗೇ ನಿಂತುಬಿಟ್ಟಿದ್ದರು.

"ಅಯ್ಯೋ ಶಿವನೇ! ನಮ್ಮೆಜಮಾನ್ರಿಗೆ ಯಾಕ್ರಪ್ಪ ಹಾರ ಹಾಕಿದೀರಾ?"

ಅವರ ಹಿಂದೆ ಛತ್ರಿ ಹಿಡಿದು ಮಾವ ಸದಾಶಿವಯ್ಯನವರು ಇಳಿದರು. ತಲೆಗೆ ಪೇಟ, ಮೇಲಕ್ಕೆ ತಿರುಗಿದ ಮೀಸೆ, ಕಿವಿಯಲ್ಲಿ ಒಂಟಿ. ಜನ ಅವರನ್ನು ನೋಡಿದರು, ಪ್ರತಿಮೆಯನ್ನು ನೋಡಿದರು. ಸದಾಶಿವಯ್ಯ ಬರಿಯ ಹೆಣ್ಣು ಕೊಟ್ಟ ಮಾವನಲ್ಲ. ಶಂಭುಲಿಂಗಯ್ಯನವರ ತಾಯಿಯ ಒಡಹುಟ್ಟಿದ ಅಣ್ಣ. ಮೂಗು, ಗಲ್ಲ, ಕಣ್ಣು ಎಲ್ಲ ಒಂದೇ ಮನೆತನದವು. ಮಿಕ್ಕದ್ದನ್ನು ದುರ್ಗಯ್ಯ ಸೇರಿಸಿದ್ದ.

"ನೀವೊಬ್ರು ಸಾಲ್ದೂಂತ ನಮ್ಮಪ್ಪನ್ನೂ ನಿಲ್ಲಿಸಿದ್ರಾ?" ಸುವರ್ಣಮ್ಮನ ನಗು ಆರಿತು. ತಾಯಿಮಗಳು ಇಬ್ಬರೂ ಅದೇ ಬಸ್ಸು ಹತ್ತಿದರು. ಸದಾಶಿವಯ್ಯನವರೂ ಹತ್ತಹೋದರೆ ವಿಮಲಮ್ಮ ಕಿಟಕಿಯಿಂದಲೇ ತಡೆದರು. "ನೀವಿಲ್ಲೇ ಇರಿ. ಅದನ್ನ ಒಡೆಸಿ ಆಮೇಲೆ ಬನ್ನಿ."

ಬಸ್ಸು ಹೋಯಿತು. ಶಂಭುಲಿಂಗಯ್ಯ ಮಾವನ ಕಾಲಿಗೆ ಬೀಳಲು ಬಗ್ಗಿದರು. ಸದಾಶಿವಯ್ಯ ಅವರ ಕಡೆ ನೋಡಲೇ ಇಲ್ಲ. ಕತ್ತೆತ್ತಿ, ಕಣ್ಣು ಕಿರಿದು ಮಾಡಿ, ಬಹಳ ಹೊತ್ತು ಪ್ರತಿಮೆಯನ್ನೇ ನೋಡಿ, ತಮ್ಮ ಮೀಸೆಯನ್ನೊಮ್ಮೆ ಮುಟ್ಟಿಕೊಂಡರು.

"ಎಡಗಡೆ ಮೀಸೆ ಒಂಚೂರು ಕಮ್ಮಿ ಆಯ್ತು ಕಣಪ್ಪ ದುರ್ಗಯ್ಯ" ಎಂದರು. "ಇನ್ನೂ ಸಿಮೆಂಟು ಐತಾ? ಅಳಿಯಂದ್ರೇ, ಆ ಏಣಿ ಹಿಡ್ಕಳಿ."