ನನಗಿಂತ ಸೀರಿಯಸ್ಸಾಗಿದ್ದ ಯಜಮಾನರು

ನನಗಾದ ಅನ್ಯಾಯವನ್ನು ಮೊದಲೇ ನೇರವಾಗಿ ಹೇಳಿಬಿಡುತ್ತೇನೆ. ಪಿತ್ತಕೋಶದ ಕಲ್ಲು ತೆಗೆಸಿಕೊಂಡು ಕುಶಾಲನಗರದ ಒಂದು ಆಸ್ಪತ್ರೆಯಲ್ಲಿ ನಾನು ಆರು ದಿನ ಮಲಗಿದ್ದಾಗ, ನನ್ನ ಸ್ವಂತ ಅಕ್ಕನ ಗಂಡ, ಅಂದರೆ ನಮ್ಮ ಭಾವ, ನನ್ನನ್ನು ನೋಡಲು ಬಂದದ್ದು ಒಂದೇ ಒಂದು ಸಲ. ಕೂತದ್ದು ಏಳು ನಿಮಿಷ. ಎದುರಿನ ಗೋಡೆಯಲ್ಲಿ ಗಡಿಯಾರವಿತ್ತು, ಆದ್ದರಿಂದ ಈ ಲೆಕ್ಕದಲ್ಲಿ ತಪ್ಪಿಲ್ಲ. ನರ್ಸಮ್ಮ ಬಿ.ಪಿ. ನೋಡಲು ಬಂದಳೆಂದು ಆ ಕಡೆ ತಿರುಗಿ ಕೈ ಕೊಟ್ಟೆ. ಈ ಕಡೆ ತಿರುಗಿದರೆ ಭಾವ ಇಲ್ಲ! ಹೇಳಿಲ್ಲ, ಕೇಳಿಲ್ಲ. ಮೇಜಿನ ಮೇಲೆ ಒಂದು ಪೌಂಡು ಬ್ರೆಡ್ಡು, ನಾಲ್ಕು ಕಿತ್ತಳೆ. ಅಷ್ಟೇ.

“ಭಾವ ಎಲ್ಲಕ್ಕಾ?” ಎಂದು ಕೇಳಿದೆ.

ಅಕ್ಕ ಕಿತ್ತಳೆ ಸುಲಿಯುತ್ತ, “ಇನ್ನೊಬ್ರು ಕಾಯ್ಲೆಯವ್ರನ್ನ ನೋಡೋದೈತಂತೆ ಕಣೋ. ನಿನಗಿಂತ ಸೀರಿಯಸ್ಸಂತೆ” ಎಂದಳು.

“ಯಾರದು? ಯಾವ ವಾರ್ಡು?”

“ವಾರ್ಡಲ್ಲಲ್ಲ. ಟ್ಯಾಬಲ್ಲಿ.”

ಮಾನ್ಯ ಓದುಗರು ಈ ಸಂಭಾಷಣೆಯನ್ನು ಇನ್ನೊಮ್ಮೆ ಓದಬಹುದು. ಹೊಟ್ಟೆಗೆ ಹೊಲಿಗೆ ಹಾಕಿಸಿಕೊಂಡು ಮಲಗಿದ್ದ ನಾನು, ಪ್ರಪಂಚದಲ್ಲೇ ಇಲ್ಲದ ಒಬ್ಬ ರೋಗಿಯ ಎದುರು ಸೋತಿದ್ದೆ! ಮೂವತ್ತೊಂದು ವರ್ಷ ಸರ್ವೆ ಕೆಲಸದಲ್ಲಿ ಸರಪಳಿ ಹಿಡಿದು ಅರ್ಧ ಗುಂಟೆಯೂ ಆಚೀಚೆ ಆಗದಂತೆ ಅಳೆದವನು ನಾನು. ನನಗಾದ ಅವಮಾನವನ್ನು ಅಳೆಯದೆ ಬಿಡುತ್ತೇನೆಯೇ? ಇನ್ನು ಆ ಮನೆಯ ಮೆಟ್ಟಿಲು ತುಳಿಯುವುದಿಲ್ಲವೆಂದು ಆಸ್ಪತ್ರೆಯ ಮಂಚದ ಮೇಲೆಯೇ ತೀರ್ಮಾನಿಸಿದೆ.

ಭಾವನ ಪರಿಚಯವನ್ನು ಮಾಡಿಕೊಡಬೇಕು. ಅವರು ಅಮ್ಮತ್ತಿ ಕಡೆಯ ಕಾಫಿ ಎಸ್ಟೇಟೊಂದರಲ್ಲಿ ಮೂವತ್ತು ವರ್ಷ ರೈಟರ್ ಆಗಿದ್ದವರು. ಅಂದರೆ ಕಥೆ ಕಾದಂಬರಿ ಬರೆದವರಲ್ಲ. ಲೈನ್‌ಮನೆಗಳ ಕೆಲಸಗಾರರ ಹಾಜರಿ ಬರೆದವರು. ನಿವೃತ್ತರಾದ ಮೇಲೆ ಹಾರಂಗಿ ನಾಲೆಯ ಪಕ್ಕ ಮೂರು ಎಕರೆಯಲ್ಲಿ ಶುಂಠಿ, ಜೋಳ ಬೆಳೆದುಕೊಂಡಿದ್ದಾರೆ. ವಯಸ್ಸು ಎಪ್ಪತ್ತೊಂದು. ಶುಂಠಿಯ ರೇಟು ನೋಡಲೆಂದು ಒಂದು ಟ್ಯಾಬು ತಂದರು. ಒಂದು ದಿನ ರೇಟಿನ ಕೆಳಗೆ ಯಾವುದೋ ಜಾಹೀರಾತು ಬಂತು. ಅದನ್ನು ಒರೆಸಿ ಹಾಕಲು ಹೋಗಿ ಬೆರಳೊತ್ತಿದರು. ಟ್ಯಾಬಿನೊಳಗೆ ಒಂದು ಊರು ಬಂದು ಕೂತಿತು!

ಅದೊಂದು ಆಟ. ಕೆರೆಯ ದಡದ ಊರು. ಆಡುವವನು ಅಲ್ಲಿಗೆ ಹೊಸದಾಗಿ ಬಂದ ಬೇಸಾಯಗಾರ. ಹೊಲ ಉತ್ತು ಬೆಳೆಯಬೇಕು, ಊರಿನ ಹನ್ನೆರಡು ಮಂದಿಯ ಸ್ನೇಹ ಸಂಪಾದಿಸಬೇಕು. ಒಬ್ಬೊಬ್ಬರ ಹೆಸರಿನ ಮುಂದೆಯೂ ಹತ್ತು ಖಾಲಿ ಹೃದಯಗಳು. ಹೋಗಿ ಮಾತಾಡಿಸಿ, ಏನಾದರೂ ಕೈಗೆ ಕೊಟ್ಟು ಬಂದರೆ ಒಂದೊಂದಾಗಿ ಕೆಂಪಾಗುತ್ತವೆ. ಗುಹೆ, ಕತ್ತಿ, ರಾಕ್ಷಸ ಎಲ್ಲವೂ ಇವೆ. ಭಾವ ಮಾತ್ರ ಆ ಕಡೆ ತಲೆ ಹಾಕಿದವರಲ್ಲ. “ಅದರ ಪಾಡಿಗೆ ಅದು ಗುಹೇಲಿ ಮಲಗೈತೆ. ನಾನ್ಯಾಕೆ ಹೋಗಿ ಎಬ್ಬಿಸಿ ಹೊಡೀಲಿ?” ಎನ್ನುವುದು ಅವರ ವಾದ. ಅದರ ಬದಲು ಅವರು ಮಾಡಿದ್ದೇನು ಗೊತ್ತೇ? ಹಳೆಯ ಹಾಜರಿ ಪುಸ್ತಕವೊಂದನ್ನು ಅಟ್ಟದಿಂದ ಇಳಿಸಿ, ಆ ಹನ್ನೆರಡು ಮಂದಿಯ ಹೆಸರು ಬರೆದು, ದಿನವೂ ಹಾಜರಿ ಹಾಕತೊಡಗಿದರು! ಕಮ್ಮಾರ: ಹಾಜರು. ರೊಟ್ಟಿ ಸುಡುವವಳು: ಹಾಜರು. ಮೀನುಗಾರ: ಎರಡು ದಿನ ಗೈರು.

“ಭಾವ, ಅವರಿಗೇನು ನೀವು ಕೂಲಿ ಕೊಡಬೇಕೇ?” ಎಂದು ಒಮ್ಮೆ ಕೇಳಿದ್ದೆ.

“ಬಾಮೈದ, ಕಾಣದೇ ಹೋದವ್ರನ್ನ ವಿಚಾರಿಸ್ಬೇಕೋ ಬ್ಯಾಡ್ವೋ? ಅದಕ್ಕೆ ಹಾಜರಿ” ಎಂದು ನನ್ನ ಬಾಯಿ ಮುಚ್ಚಿಸಿದ್ದರು.

ಹನ್ನೆರಡನೆಯ ಹೆಸರೇ ನನ್ನ ಪ್ರತಿಸ್ಪರ್ಧಿಯದು. ಊರಾಚೆಯ ಗುಡಿಸಲಿನಲ್ಲಿ ಜೇನು ಸಾಕಿಕೊಂಡಿರುವ ಮುದುಕ. ಎದೆಯ ಕಾಯಿಲೆ, ಮುಂದಿನ ಚಳಿಗಾಲವನ್ನು ಕಾಣಲಾರನೆಂದು ಆಟದ ವೈದ್ಯನೇ ಕೈಚೆಲ್ಲಿದ್ದಾನೆ. ಕಾಯಿಲೆಯವರನ್ನು ಹೆಸರು ಹಿಡಿದು ಕರೆಯಬಾರದೆಂದು ಭಾವ ಅವನನ್ನು ‘ಯಜಮಾನ್ರು’ ಎನ್ನುತ್ತಾರೆ. ಸಂಜೆ ನಾಲ್ಕಕ್ಕೆ ತಪ್ಪದೆ ಭೇಟಿ. ಖಾಲಿ ಕೈಯಲ್ಲಿ ಹೋಗುವುದುಂಟೇ? ಆಟದ ಹೊಲದಲ್ಲಿ ಗೋಧಿ ಬೆಳೆದು, ಬೀಸಿ, ಸುಟ್ಟು, ಬ್ರೆಡ್ಡು ಮಾಡಿ ಒಯ್ಯುತ್ತಿದ್ದರು.

“ನಾನು ಜ್ವರದಲ್ಲಿ ಮಲಗಿದ್ದಾಗ ಒಂದು ಲೋಟ ಬಿಸಿನೀರು ಕಾಯಿಸಿ ಕೊಟ್ಟೋರಲ್ಲ, ಅಲ್ಲಿ ಗೋಧಿ ಬಿತ್ತಿ ಬ್ರೆಡ್ ಮಾಡ್ತಾವ್ರೆ!” ಎಂದು ಅಕ್ಕ ನನ್ನಲ್ಲಿ ದೂರಿದ್ದಳು. ಅವಳ ದೂರನ್ನೂ ನಾನು ಭಾವನ ಮೇಲಿನ ನನ್ನ ತಕರಾರುಗಳ ಪಟ್ಟಿಗೆ ಸೇರಿಸಿಕೊಂಡಿದ್ದೆ.

ಆಸ್ಪತ್ರೆಯಿಂದ ಬಂದು ಒಂದು ತಿಂಗಳಾಗಿರಬಹುದು. ಅಕ್ಕನೇ ಫೋನು ಮಾಡಿದಳು. “ಲೋ, ಒಂದ್ಸಲ ಬಂದ್ಹೋಗೋ. ಮೂರು ತಿಂಗಳಾದ್ರೂ ಆ ಯಜಮಾನ್ರ ಒಂದು ಹೃದಯಾನೂ ಕೆಂಪಾಗ್ಲಿಲ್ವಂತೆ. ನಿಮ್ಮ ಭಾವ ಊಟಾನೇ ಸರಿಯಾಗಿ ಮಾಡ್ತಿಲ್ಲ. ನೀನು ಕಾಗದ-ಪತ್ರ ಸೂಕ್ಷ್ಮವಾಗಿ ನೋಡೋನು, ಎಲ್ಲಿ ತಪ್ಪೈತೆ ಅಂತ ನೋಡು.”

ಮೆಟ್ಟಿಲು ತುಳಿಯುವುದಿಲ್ಲವೆಂಬ ತೀರ್ಮಾನ ಏನಾಯಿತು ಎಂದು ಕೇಳುವಿರಾ? ಅಕ್ಕನ ಮನೆಗೆ ಹಿತ್ತಲ ಬಾಗಿಲಿದೆ, ಅಲ್ಲಿ ಮೆಟ್ಟಿಲಿಲ್ಲ. ಅಲ್ಲಿಂದ ಹೋದೆ.

ಭಾವ ನನ್ನ ಮುಖವನ್ನು ಸರಿಯಾಗಿ ನೋಡದೆ, ನೇರವಾಗಿ ವಿಷಯಕ್ಕೆ ಬಂದರು. “ಪಾಪ ಕಣೋ. ಕಾಯ್ಲೆ ತಲೆಗೇರೈತೆ. ದಿನಾ ಹೋದ್ರೂ ‘ನೀನ್ಯಾರು, ಊರಿಗೆ ಹೊಸಬನಾ?’ ಅಂತಾರೆ. ದಿನಾ ಹೆಸರು ಹೇಳ್ಕೊಂತೀನಿ. ಕೊಟ್ಟ ಬ್ರೆಡ್ಡೂ ಇಟ್ಕೊಳ್ಳಲ್ಲ, ಮಾರನೇ ದಿನ ನೋಡಿದ್ರೆ ನನ್ನ ಚೀಲದಲ್ಲೇ ಇರ್ತದೆ. ಮರ್ಯಾದಸ್ಥ, ಯಾರಿಗೂ ಭಾರ ಆಗ್ಬಾರ್ದು ಅಂತ ಗೊತ್ತಾಗ್ದಂಗೆ ವಾಪಸ್ ಹಾಕ್ತಾರೆ.”

ತೊಂಬತ್ತು ದಿನ! ತೊಂಬತ್ತು ದಿನವೂ ಈ ಮನುಷ್ಯ ಬೇಸರವಿಲ್ಲದೆ ತನ್ನ ಪರಿಚಯ ತಾನೇ ಹೇಳಿಕೊಂಡು, ಅದೇ ಬ್ರೆಡ್ಡನ್ನು ಮತ್ತೆ ಮತ್ತೆ ಕೊಟ್ಟು ಬಂದಿದ್ದಾರೆ!

“ನನ್ನೆದುರು ಒಮ್ಮೆ ಆಡಿ ತೋರಿಸಿ” ಎಂದೆ. ಆಡಿದರು. ಗುಡಿಸಲು ಹೊಕ್ಕರು, ಹೆಸರು ಹೇಳಿದರು, ಬ್ರೆಡ್ಡು ಕೊಟ್ಟರು, ಎರಡು ಮಾತಾಡಿದರು. ಪರದೆಯ ಕೆಳಗೆ ‘ಗುಡ್‌ಬೈ’ ಎಂಬ ಗುಂಡಿ ಮೂಡಿತು. ಭಾವ ಅದನ್ನು ಮುಟ್ಟಲಿಲ್ಲ; ಟ್ಯಾಬಿನ ಪಕ್ಕದ ಗುಂಡಿಯನ್ನು ಗಟ್ಟಿಯಾಗಿ ಅದುಮಿ ಇಡೀ ಯಂತ್ರವನ್ನೇ ಆರಿಸಿಬಿಟ್ಟರು! ತಪ್ಪು ಸಿಕ್ಕಿತು. ಗುಡ್‌ಬೈ ಹೇಳಿ ಎದ್ದ ಭೇಟಿಯನ್ನು ಮಾತ್ರ ಆಟ ನೆನಪಿಟ್ಟುಕೊಳ್ಳುತ್ತದೆ. ಹೇಳದೆ ಎದ್ದರೆ ಆ ಭೇಟಿ ಆಗಿಯೇ ಇಲ್ಲ. ಯಜಮಾನರ ಪಾಲಿಗೆ ಭಾವ ಒಂದು ದಿನವೂ ಬಂದೇ ಇರಲಿಲ್ಲ.

“ಈ ಗುಂಡಿಯನ್ನು ಯಾಕೆ ಒತ್ತುವುದಿಲ್ಲ?”

“ಕಾಯ್ಲೆ ಮನುಷ್ಯನ ಮುಂದೆ ನಿಂತ್ಕೊಂಡು ‘ಹೋಗ್ತೀನಿ’ ಅನ್ನೋದೇ? ಕಮ್ಮಾರಂಗೆ ಹೇಳ್ತೀನಿ, ಗಟ್ಟಿ ಆಸಾಮಿ, ಏನೂ ಆಗಲ್ಲ. ಇವ್ರಿಗೆ ಹೆಂಗೆ ಹೇಳ್ಲಿ? ನಿಮ್ಮನೇಲಿ ಹಂಗೇ ಕಲಿಸವ್ರಾ?”

“ನಮ್ಮ ಮನೆಯ ಮಗಳನ್ನೇ ನೀವು ಮದುವೆಯಾಗಿರುವುದು ಭಾವ.”

“ಅದಕ್ಕೇ ಹೇಳಿದ್ದು” ಎಂದು ಅಕ್ಕ ಒಳಗಿನಿಂದಲೇ ಕೂಗಿದಳು. ಯಾರ ಪಕ್ಷದಲ್ಲಿ ಕೂಗಿದಳೆಂಬುದು ಇಂದಿಗೂ ತಿಳಿದಿಲ್ಲ.

ದೀರ್ಘ ಸಂಧಾನದ ಬಳಿಕ ಒಂದು ಒಪ್ಪಂದಕ್ಕೆ ಬಂದೆವು. ಭೇಟಿ ಭಾವನದು, ಗುಡ್‌ಬೈ ಗುಂಡಿ ನನ್ನದು. ದೋಷವೇನಾದರೂ ಇದ್ದರೆ ಅದು ನನ್ನ ತಲೆಗೆ! ಹೀಗೆ, ಅವಮಾನಿತನಾದ ನಾನು, ಗುಂಡಿ ಒತ್ತುವ ಒಂದೇ ಕೆಲಸಕ್ಕಾಗಿ ದಿನವೂ ನಾಲ್ಕು ಗಂಟೆಗೆ ನಾಲೆಯ ಏರಿ ಹಿಡಿದು ಅವರ ಮನೆಗೆ ನಡೆಯತೊಡಗಿದೆ. ನಾನು ಒತ್ತುವಾಗ ಭಾವ, ಇಂಜೆಕ್ಷನ್ ಹಾಕಿಸಿಕೊಳ್ಳುವ ಮಗುವಿನಂತೆ ಮುಖ ಆ ಕಡೆ ತಿರುಗಿಸಿಕೊಳ್ಳುತ್ತಿದ್ದರು.

ಎರಡನೆಯ ದಿನ ಯಜಮಾನರು ತಲೆಯೆತ್ತಿ, “ಓ, ನೀನು ಮತ್ತೆ ಬಂದೆಯಾ?” ಎಂದರು. ಅಂದರೆ, ಪರದೆಯ ಮೇಲೆ ಇಂಗ್ಲಿಷಿನಲ್ಲಿ ಹಾಗೆ ಮೂಡಿತು. ಭಾವ ಕುರ್ಚಿಯಿಂದ ಎದ್ದೇ ಬಿಟ್ಟರು. “ಗುರುತು ಹಿಡಿದ್ರು ಕಣೇ! ಬಾರೇ ಇಲ್ಲಿ! ಬಾಮೈದ, ಗುರುತು ಹಿಡಿದ್ರು!” ಅಕ್ಕ ಒಗ್ಗರಣೆ ಸೌಟು ಹಿಡಿದೇ ಓಡಿ ಬಂದಳು. ಮೊದಲ ಹೃದಯ ಕೆಂಪಾಯಿತು. ನಾನೂ ನಕ್ಕೆನೆಂದು ಅಕ್ಕ ಹೇಳುತ್ತಾಳೆ, ನನಗೆ ನೆನಪಿಲ್ಲ.

ಆಮೇಲೆ ದಿನಕ್ಕೊಂದು ಮಾತು ಸೇರುತ್ತ ಹೋಯಿತು. ಯಜಮಾನರಿಗೆ ಹಾಸ್ಯವೂ ಬರುತ್ತದೆ, ಕೋಪವೂ ಬರುತ್ತದೆ. ನೆರೆಯವನು ಇಪ್ಪತ್ತು ವರ್ಷದ ಹಿಂದೆ ಜೇನುಪೆಟ್ಟಿಗೆಯೊಂದನ್ನು ಒಡೆದದ್ದನ್ನು ಅವರಿನ್ನೂ ಮರೆತಿಲ್ಲ. ನನಗೆ ಅವರ ಮೇಲೆ ಗೌರವ ಹುಟ್ಟಿತು. ಭಾವನೋ, ಪೆಟ್ಟಿಗೆಗೆ ಮಳೆನೀರು ಇಳಿಯದಂತೆ ಹೇಗೆ ಹೊದಿಸಬೇಕೆಂದು ಪರದೆಗೆ ಬಾಯಿಟ್ಟು ಪಾಠ ಹೇಳುತ್ತಿದ್ದರು. ಹೃದಯಗಳು ಐದಾದವು, ಏಳಾದವು, ಒಂಬತ್ತಾದವು.

ಒಂಬತ್ತಾದ ದಿನ ನನ್ನ ಸ್ವಭಾವ ನನಗೆ ಕೈಕೊಟ್ಟಿತು. ಯಾವ ದಾಖಲೆಯನ್ನೂ ಕೊನೆಯ ಪುಟ ನೋಡದೆ ನಂಬುವವನಲ್ಲ ನಾನು. ಈ ಆಟ ಆಡಿದವರು ಬರೆದಿಟ್ಟ ವಿವರಗಳನ್ನು ನನ್ನ ಫೋನಿನಲ್ಲಿ ಹುಡುಕಿ ಓದಿದೆ. ಹತ್ತನೆಯ ಹೃದಯ ಕೆಂಪಾಗುವ ಭೇಟಿಯಲ್ಲಿ ಯಜಮಾನರು ತೀರಿಕೊಳ್ಳುತ್ತಾರೆ. ಯಾವ ಔಷಧಿ ಕೊಟ್ಟರೂ ಅಷ್ಟೇ, ಏನು ಮಾಡಿದರೂ ಅಷ್ಟೇ. ಮಾರನೆಯ ದಿನ ಭಾವನಿಗೆ ಹೇಳಿದೆ. ಮುಚ್ಚಿಡುವುದು ನನ್ನಿಂದಾಗದು.

ಭಾವ ಟ್ಯಾಬನ್ನು ಮಗುಚಿಟ್ಟರು. “ನಾವು ಹೋಗ್ದೇ ಇದ್ರೆ?”

“ಹೋಗದಿದ್ದರೆ ಹಾಗೆಯೇ ಇರುತ್ತಾರೆ. ಒಂಬತ್ತಕ್ಕೇ ನಿಲ್ಲುತ್ತದೆ.”

“ಹಂಗಾದ್ರೆ ಹೋಗೋದ್ ಬ್ಯಾಡ.”

ಹನ್ನೊಂದು ದಿನ ಆಟ ನಿಂತಿತು. ನಾನು ಮಾತ್ರ ನಾಲ್ಕಕ್ಕೆ ಹೋಗಿ, ಒತ್ತಲು ಗುಂಡಿಯಿಲ್ಲದೆ, ಕಾಫಿ ಕುಡಿದು ಬರುತ್ತಿದ್ದೆ. ಹನ್ನೆರಡನೆಯ ದಿನ ಭಾವ ತಾವಾಗಿಯೇ ಬಾಯಿಬಿಟ್ಟರು.

“ಬಾಮೈದ, ನಿಮ್ಮಪ್ಪ ಮಡಿಕೇರಿ ಆಸ್ಪತ್ರೇಲಿದ್ರಲ್ಲ. ಕಾಫಿ ಹಣ್ಣು ಕೀಳೋ ಪಿಕಿಂಗ್ ಟೈಮು, ಎಸ್ಟೇಟಲ್ಲಿ ರಜಾ ಕೊಟ್ಟಿರ್ಲಿಲ್ಲ. ಭಾನುವಾರ ಒಂದಿನ ಬಂದಿದ್ದೆ. ಆಗ ನೀನಿರ್ಲಿಲ್ಲ, ಔಷಧಿ ತರೋಕೆ ಹೋಗಿದ್ದೆ. ‘ಮಾವ, ಬಸ್ಸಿಗೆ ಹೊತ್ತಾಯ್ತು, ಹೋಗ್ತೀನಿ’ ಅಂದೆ. ಅವ್ರು ನನ್ನ ಕೈ ಹಿಡ್ಕೊಂಡಿದ್ರು. ಬಿಟ್ರು. ‘ಹೂಂ, ಹೋಗು’ ಅಂದ್ರು. ನಾನು ಅಮ್ಮತ್ತಿ ಮುಟ್ಟಿ ಬಸ್ಸಿಳಿಯೋಷ್ಟರಲ್ಲಿ ಎಸ್ಟೇಟಿಗೆ ಫೋನು ಬಂದಿತ್ತು, ಮಾವ ಹೋಗ್ಬಿಟ್ರು ಅಂತ. ಅವತ್ತಿಂದ ಮಲಗಿರೋರ ಮುಂದೆ ಏನ್ ಹೇಳಿ ಏಳಬೇಕು ಅಂತ್ಲೇ ತಿಳಿಯಲ್ಲ ಕಣಯ್ಯ. ಬಾಯೇ ಕಟ್ತದೆ. ಕುಶಾಲನಗರದ ಆಸ್ಪತ್ರೇಲೂ ಅಷ್ಟೇ, ನೀನು ಆ ಕಡೆ ತಿರುಗಿದ್ದೇ ಸಾಕು ಅಂತ ಎದ್ದು ಓಡ್ಬಿಟ್ಟೆ.”

‘ಅಪ್ಪನ ಕೊನೆಗಾಲದಲ್ಲಿ ಭಾವ ಇರಲಿಲ್ಲ’ ಎಂಬುದು ನನ್ನ ಪಟ್ಟಿಯ ಮೊದಲನೆಯ ತಕರಾರು. ಮೂವತ್ತೆಂಟು ವರ್ಷ ಅದನ್ನು ಒಂದಕ್ಷರವೂ ಮಾಸದಂತೆ ಕಾಪಾಡಿಕೊಂಡು ಬಂದಿದ್ದೆ. ಇದ್ದರಂತೆ. ಕೈ ಹಿಡಿದುಕೊಂಡು ಕೂತಿದ್ದರಂತೆ. ಇಷ್ಟು ವರ್ಷ ಸರಪಳಿ ಎಳೆದು ಅಳೆದ ಗಡಿಯೇ ತಪ್ಪಾಗಿದ್ದರೆ ಸರ್ವೆಯವನು ಏನು ಮಾಡಬೇಕು? ಕಲ್ಲು ಕಿತ್ತು ಸರಿಯಾದ ಜಾಗದಲ್ಲಿ ನೆಡಬೇಕು. ನನಗೆ ಬರುವುದು ಅದೊಂದೇ.

“ಭಾವ, ಆ ಯಜಮಾನರು ಹಾಸಿಗೆಯಲ್ಲೇ ಇದ್ದಾರೆ. ಉಸಿರಾಡಲು ಕಷ್ಟವಾಗುತ್ತಿದೆ. ನೀವು ಹೋಗದಿದ್ದರೆ ಅವರು ಉಳಿದ ಹಾಗಲ್ಲ, ಕಾಯುತ್ತ ಮಲಗಿದ ಹಾಗೆ. ನಾನೂ ಬರುತ್ತೇನೆ, ನಡೆಯಿರಿ” ಎಂದೆ.

ಭಾವ ಮಗುಚಿಟ್ಟಿದ್ದ ಟ್ಯಾಬನ್ನು ಎತ್ತಿಕೊಂಡು, “ತಡಿ, ಬ್ರೆಡ್ ಮಾಡ್ಕೊಂತೀನಿ” ಎಂದರು.

ಅಕ್ಕ ಒಲೆ ಆರಿಸಿ ಬಂದು ಪಕ್ಕದಲ್ಲಿ ಕೂತಳು. ಭಾವ ಗುಡಿಸಲು ಹೊಕ್ಕರು. ಯಜಮಾನರು ಕಿಟಕಿ ತೆರೆಯಲು ಹೇಳಿದರು. ಹೊರಗೆ ಜೇನಿನ ಸದ್ದು. ಪೆಟ್ಟಿಗೆಗಳನ್ನೆಲ್ಲ ನೀನೇ ನೋಡಿಕೋ ಎಂದರು. ಬ್ರೆಡ್ಡಿನಲ್ಲಿ ಒಂದು ತುಂಡು ಮುರಿದುಕೊಂಡರು. ಇವತ್ತು ನೀನು ಹೊರಡುವ ಮೊದಲೇ ನನಗೆ ನಿದ್ದೆ ಬಂದರೆ ತಪ್ಪು ತಿಳಿಯಬೇಡ ಎಂದರು. ಕಣ್ಣು ಮುಚ್ಚಿದರು. ಗುಂಡಿ ಮೂಡಿತು.

ಅಭ್ಯಾಸಬಲದಿಂದ ನನ್ನ ಬೆರಳು ಮುಂದೆ ಹೋಯಿತು. ಭಾವ ನನ್ನ ಕೈ ಹಿಡಿದು ಪಕ್ಕಕ್ಕಿಟ್ಟರು. ಮುಖ ತಿರುಗಿಸಲಿಲ್ಲ. “ಬರ್ತೀನಿ ಯಜಮಾನ್ರೇ” ಎಂದು ಹೇಳಿ, ತಾವೇ ಒತ್ತಿದರು.

ಹತ್ತನೆಯ ಹೃದಯ ಕೆಂಪಾಯಿತು. ಅಕ್ಕ ಮೂಗು ಸೀಟಿಕೊಂಡು, “ಥೂ, ಎಂಥಾ ಆಟನಪ್ಪ ಇದು, ಸಾಂಬಾರಿಗೆ ಉಪ್ಪು ಹಾಕಿದ್ನೋ ಇಲ್ವೋ ಮರ್ತೋಯ್ತು” ಎಂದು ಎದ್ದು ಹೋದಳು.

ಈಗ ಆಟದ ಊರಿನಲ್ಲಿ ವಸಂತ. ಯಜಮಾನರ ಜೇನುಪೆಟ್ಟಿಗೆಗಳಿಗೆಲ್ಲ ಭಾವನೇ ಒಡೆಯರು. ನಮ್ಮ ಊರಿನಲ್ಲಿ ಯಾರು ಮಲಗಿದ್ದಾರೆಂದರೂ ಮೊದಲು ಹೋಗುವವರೂ ಅವರೇ. ಹೋಗುತ್ತಾರೆ, ಕೂರುತ್ತಾರೆ, ‘ಬರ್ತೀನಿ’ ಎಂದು ಬಾಯಿ ತುಂಬ ಹೇಳಿ ಏಳುತ್ತಾರೆ. ಮಾರನೆಯ ದಿನ ನಿಜವಾಗಿಯೂ ಬಂದುಬಿಡುವುದರಿಂದ ಕೆಲವು ರೋಗಿಗಳು ಬೇಗನೆ ಗುಣವಾದದ್ದೂ ಉಂಟು! ಮುಂದಿನ ವಾರ ನನಗೆ ಕಣ್ಣಿನ ಪೊರೆ ತೆಗೆಯುತ್ತಾರೆ. ಸಂಜೆಯೊಳಗೆ ಮನೆಗೆ ಕಳಿಸುತ್ತಾರೆಂದು ಎಷ್ಟು ಹೇಳಿದರೂ ಕೇಳದೆ, ಚಾಪೆ, ಫ್ಲಾಸ್ಕು, ಎರಡು ಜೊತೆ ಬಟ್ಟೆ ಕಟ್ಟಿಟ್ಟುಕೊಂಡು ಭಾವ ಸಿದ್ಧರಾಗಿದ್ದಾರೆ.

ನನ್ನ ಪಟ್ಟಿಯಿಂದ ಭಾವನ ಹೆಸರನ್ನು ಹೊಡೆದುಹಾಕಿದ್ದೇನೆ. ಹಾಗೆಂದು ಪಟ್ಟಿ ಖಾಲಿಯಾಯಿತೆಂದು ಯಾರೂ ಭಾವಿಸಬೇಕಾಗಿಲ್ಲ. ಆ ಆಟವನ್ನು ಕಟ್ಟಿದ ಮಹನೀಯರಿಗೆ ನನ್ನದೊಂದು ಪ್ರಶ್ನೆಯಿದೆ. ರಾಕ್ಷಸರಿಗೆ ಅಷ್ಟು ವಿಶಾಲವಾದ ಗುಹೆಗಳನ್ನು ಕೊಟ್ಟ ನೀವು, ಸಾಯುವ ಮನುಷ್ಯನ ಮಂಚದ ಪಕ್ಕ ಒಂದೇ ಒಂದು ಕುರ್ಚಿ ಹಾಕಿದ್ದೀರಿ. ಅದರಲ್ಲಿ ನಮ್ಮ ಭಾವ ಕೂತರು. ಸ್ವಾಮಿ, ಅವರ ಜೊತೆಯಲ್ಲಿ ಬಂದ ನಾನು ಎಲ್ಲಿ ಕೂರಬೇಕಿತ್ತು?