ನನ್ನ ಪಾದಗಳ ನಟನೆ

ಮಾನ ಹೋಗುವ ಕೆಲಸಕ್ಕೆ ನಾನು ಅರ್ಜಿ ಹಾಕುವುದೇ ಬೇಡ, ಅದು ವಿಳಾಸ ಹುಡುಕಿಕೊಂಡು ಬರುತ್ತದೆ. ಈ ಸಲ ಅದು ಬಂದದ್ದು ಡೀಮೆನ್ ಎಂಬ ಡಚ್ ಊರಿನ ನಮ್ಮ ಫ್ಲ್ಯಾಟಿಗೆ, ಕೆಳಮನೆಯ ಕೊಲಂಬಿಯಾದ ಹುಡುಗಿಯ ರೂಪದಲ್ಲಿ. ಅವಳು ಸಿನಿಮಾ ವಿದ್ಯಾರ್ಥಿನಿ. ಸ್ಪ್ಯಾನಿಷ್ ಕಿರುಚಿತ್ರ ಮಾಡಬೇಕು, ಅದು ಹಾಳಾದರೆ ಕೋರ್ಸೇ ಹಾಳು, ನಮ್ಮ ಹಾಲ್ ಒಂದು ದಿನಕ್ಕೆ ಬೇಕು ಎಂದಳು.

ಕಥೆ ಇಷ್ಟೇ. ಅಪ್ಪ ಸತ್ತ ಮೇಲೆ, ಮುನಿಸಿಕೊಂಡಿದ್ದ ಮಗ ಪಾಳುಬಿದ್ದ ಮನೆಗೆ ಬಂದು ಅಪ್ಪನ ಪುಸ್ತಕವನ್ನು ಒದ್ದು ಹೋಗುತ್ತಾನೆ. ಕ್ಯಾಮೆರಾ ಉದ್ದಕ್ಕೂ ನೆಲದ ಮೇಲೆಯೇ ಇರುತ್ತದೆ. ಬಣ್ಣವೆಲ್ಲ ಬೂದು. ಯಾರ ಮುಖವೂ ಕಾಣುವುದಿಲ್ಲ, ಪಾದಗಳು ಮಾತ್ರ. ಮಗನ ಪಾದಗಳು ನನ್ನವು, ದನಿ ಬೇರೆಯವರದು.

೧

ಹಿಂದಿನ ದಿನವೇ ಅವಳು ಹಾಲ್ ತುಂಬ ಧೂಳು, ಒಣ ಎಲೆ ಹರಡಿ ಹೋಗಿದ್ದಳು. ಬೆಳಿಗ್ಗೆ ಎದ್ದು ನೋಡಿದೆ. ಮನೆಗೆ ನಾಲ್ಕು ಜನ ಬರುವವರು, ಹೀಗಿದ್ದರೆ ಹೇಗೆ? ಗುಡಿಸಿ, ಎರಡು ಸಲ ಒರೆಸಿ, ಅಗರಬತ್ತಿಯನ್ನೂ ಹಚ್ಚಿಟ್ಟೆ.

ಬಾಗಿಲಲ್ಲಿ ನಿಂತ ಅವಳ ಮುಖ ನೋಡಿ ನಾಚಿಕೆಯಿಂದ ಭೂಮಿಗಿಳಿದು ಹೋದೆ. ಅವಳು ನಮ್ಮ ಸೋಫಾವನ್ನು ಪಕ್ಕಕ್ಕೆ ಸರಿಸಿದಳು. ಅದರಡಿ ಇದ್ದ ಧೂಳು ಇಡೀ ಚಿತ್ರಕ್ಕೆ ಸಾಕಾಯಿತು.

"ಇನ್ನು ಊರಿನವರೆಲ್ಲ ಪರದೆ ಮೇಲೆ ನಮ್ಮ ಧೂಳು ನೋಡುವುದು," ಎಂದಳು ಉಡುಪಿಯ ನನ್ನ ಹೆಂಡತಿ.

೨

ಪುಸ್ತಕ ಒದೆಯುವ ದೃಶ್ಯ ಬಂತು. ಒದ್ದೆ. ಒದ್ದ ಕೂಡಲೇ ಕೈ ತಾನಾಗಿಯೇ ಕೆಳಗಿಳಿದು, ಪುಸ್ತಕ ಮುಟ್ಟಿ, ಕಣ್ಣಿಗೆ ಒತ್ತಿಕೊಂಡಿತು.

"ಕಟ್. ಅದೇನು ಮಾಡಿದೆ?"

"ಪುಸ್ತಕಕ್ಕೆ ಕಾಲು ತಾಗಿತಲ್ಲ."

"ತಾಗಲಿ ಎಂದೇ ಒದ್ದದ್ದು."

ಆರು ಸಲ ಹೀಗೇ ಆಯಿತು. ಏಳನೆಯ ಸಲ ಬಲಗೈಯನ್ನು ಹಿಂದೆ ಬಿಗಿಯಾಗಿ ಹಿಡಿದುಕೊಂಡೆ. ಎಡಗೈ ಹೋಯಿತು.

"ನಿಮಗೆ ಮಂಡೆ ಉಂಟಾ ಮಾರಾಯ್ರೆ? ಪಾಪದ ಹುಡುಗಿ, ಅಳ್ತಾ ಉಂಟು ಅದು," ಎಂದಳು ಹೆಂಡತಿ. ನಿಜಕ್ಕೂ ಅಳುತ್ತಿದ್ದಳು. ಕಿಟಕಿಯ ಬೆಳಕು ಮುಗಿದಿತ್ತು. ಅಲ್ಲಿಯವರೆಗೆ ತೆಗೆದದ್ದನ್ನೇ ಇಟ್ಟುಕೊಂಡು ಹೋದಳು. ಒಂದು ವಾರ ನಾನು ಲಿಫ್ಟ್ ಬಿಟ್ಟು ಮೆಟ್ಟಿಲು ಹತ್ತಿದೆ, ಅವಳು ಎದುರಾಗದಿರಲಿ ಎಂದು. ಅವಳೂ ಮೆಟ್ಟಿಲನ್ನೇ ಹತ್ತುತ್ತಿದ್ದಳು, ಅದೇ ಕಾರಣಕ್ಕೆ.

೩

ಗ್ರೋನಿಂಗನ್ ಊರಿನ ಒಂದು ಪುಟ್ಟ ಸಭಾಂಗಣದಲ್ಲಿ, ವಿದ್ಯಾರ್ಥಿಗಳ ಕಿರುಚಿತ್ರ ಸ್ಪರ್ಧೆಯಲ್ಲಿ ಪ್ರದರ್ಶನವಾಯಿತು. ಪರದೆಯ ಮೇಲೆ ನನ್ನ ಕಾಲು ಒದೆಯಿತು, ಕೈ ಇಳಿದು ಪುಸ್ತಕ ಮುಟ್ಟಿ ಮೇಲೆ ಹೋಯಿತು. ನಾನು ತಲೆ ತಗ್ಗಿಸಿದೆ. ಸುತ್ತಲೂ ಅಳುತ್ತ ಮೂಗು ಸೇದುವ ಸದ್ದು.

ದೀಪ ಹತ್ತಿದಾಗ ತೀರ್ಪುಗಾರರೊಬ್ಬರು ಎದ್ದು, "ಮಗ ಅಪ್ಪನನ್ನು ಕ್ಷಮಿಸುವ ಆ ಕೈ, ಅದೇ ಇಡೀ ಚಿತ್ರ. ಇದು ನಿಮಗೆ ಹೇಗೆ ಹೊಳೆಯಿತು?" ಎಂದು ಕೇಳಿದರು. ಹುಡುಗಿ ಕೆಂಪಾಗಿ, ನನ್ನನ್ನು ವೇದಿಕೆಗೆ ಕರೆದಳು.

ಇನ್ನೊಬ್ಬರ ಕಣ್ಣೀರನ್ನು ಮೋಸದಿಂದ ಗಳಿಸಿದ ಹಾಗೆ ಅನ್ನಿಸಿತು. ಕ್ಷಮೆಯೂ ಇಲ್ಲ, ಮಣ್ಣೂ ಇಲ್ಲ, ಬರೀ ಅಭ್ಯಾಸ ಎಂದು ಹೇಳಿಯೇ ಬಿಡಬೇಕೆಂದು ಹೊರಟೆ.

ಸಾಲಿನ ಕೊನೆಯಲ್ಲಿ ಕೂತಿದ್ದ ಡಚ್ ಅಜ್ಜಿಯೊಬ್ಬರ ಪಾದಕ್ಕೆ ನನ್ನ ಶೂ ತಾಗಿತು. ಕೈ ನನ್ನನ್ನು ಕೇಳಲಿಲ್ಲ. ಬಗ್ಗಿತು, ಮುಟ್ಟಿತು, ಕಣ್ಣಿಗೆ ಒತ್ತಿಕೊಂಡಿತು.

ಇಡೀ ಸಭೆ ಎದ್ದು ನಿಂತು ಚಪ್ಪಾಳೆ ತಟ್ಟಿತು. ಅಜ್ಜಿ ಅತ್ತೇಬಿಟ್ಟರು.

ವೇದಿಕೆಯ ಮೇಲೆ ಹುಡುಗಿ ನನ್ನ ಕಿವಿಯಲ್ಲಿ, "ಇನ್ನು ನೀನು ನಿಜ ಹೇಳಿದರೂ ಯಾರೂ ನಂಬುವುದಿಲ್ಲ. ಸುಮ್ಮನೆ ನಿಂತುಕೋ," ಎಂದಳು.