ಸುದ್ದಿ ನಂಬದ ಸೋದರತ್ತೆ

ಸೂರ್ಯ ಹುಟ್ಟಿದ ಎಂದು ಒಬ್ಬರು ಹೇಳಿದರೆ ನಮ್ಮ ಸೋದರತ್ತೆ ನಂಬುವವರಲ್ಲ. ಇನ್ನೊಬ್ಬರೂ ಹೇಳಬೇಕು! ಬೆಂಗಳೂರಿನ ಸರ್ಕಾರಿ ಟೀವಿಯಲ್ಲಿ ಸುದ್ದಿ ನಿರ್ಮಾಪಕಿ ನೋಡಿ, ಕಚೇರಿಯ ಚಾಳಿ ಹಳೇಬೀಡಿನ ನಮ್ಮ ಮನೆಯವರೆಗೂ ಬಂದಿತ್ತು.

ಅರೇಹಳ್ಳಿಯ ನೆಂಟರ ಮಗಳಿಗೆ ಗಂಡು ಗೊತ್ತಾಯಿತೆಂದು ಅಪ್ಪ ಫೋನಿನಲ್ಲಿ ಹೇಳಿದರು.

"ಮೂಲ ಯಾರಣ್ಣ?"

"ಹುಡುಗಿ ಅಪ್ಪನೇ ಕಣೇ!"

"ಅದು ಒಂದಾಯ್ತು. ಎರಡನೇದು?"

ಅಷ್ಟಕ್ಕೆ ಬಿಟ್ಟರೇ? ಗಂಡಿನ ಮನೆಗೇ ಫೋನ್ ಮಾಡಿ, "ಸುದ್ದಿ ನಿಜವೇನ್ರೀ?" ಎಂದು ವಿಚಾರಿಸಿದರು. ಅವರು ಬೆದರಿದರಂತೆ! ಪುಣ್ಯಕ್ಕೆ ಮದುವೆ ನಿಲ್ಲಲಿಲ್ಲ. ಅತ್ತೆಗೆ ಮಾತ್ರ ಎರಡು ಲಗ್ನಪತ್ರಿಕೆ ಬಂತು, ಒಂದನ್ನು ನಂಬದಿದ್ದರೆ ಇನ್ನೊಂದಿರಲಿ ಎಂದು.

ಅರಸೀಕೆರೆಯಲ್ಲಿ ರೈಲಿಳಿದಾಗಲೂ ಇದೇ ಕಥೆ. "ಹಳೇಬೀಡಿಗೆ ಹೋಗುತ್ತೆ, ಹತ್ತಮ್ಮಾ" ಎಂದು ಕಂಡಕ್ಟರೇ ಹೇಳಿದರೂ, ಬೀಡಾ ಅಂಗಡಿಯವನನ್ನು ಕೇಳಲು ಹೋದರು. ಅವನು ಹೌದೆನ್ನುವಷ್ಟರಲ್ಲಿ ಬಸ್ಸು ಹೊರಟೇಹೋಗಿತ್ತು! "ಸುದ್ದಿಯಂತೂ ಸರಿಯಾಗಿತ್ತು" ಎಂದು ಅತ್ತೆಗೆ ಅದರಲ್ಲೂ ಸಮಾಧಾನ.

ಇಂಥ ಮಗಳನ್ನು ಒಮ್ಮೆಯಾದರೂ ಟೀವಿಯಲ್ಲಿ ನೋಡಬೇಕೆಂಬುದು ಅಜ್ಜಿಯ ಒಂದೇ ಆಸೆ. ಸುದ್ದಿ ಓದುವವರು ಬೇರೆ, ಅತ್ತೆ ತೆರೆಯ ಹಿಂದೆ. ಹೋಗಲಿ, ಊರನ್ನಾದರೂ ತೋರಿಸಬಾರದೇ? ನಮ್ಮ ಕೆರೆ ಕೋಡಿ ಬಿದ್ದಾಗ ಊರಿಗೆ ಊರೇ ಟೀವಿ ಮುಂದೆ ಕೂತಿತ್ತು. ಅತ್ತೆ ಆ ಸುದ್ದಿ ಹಾಕಲೇ ಇಲ್ಲ! "ನನ್ನೂರು ಅಂತ ಹಾಕಿದ್ರೆ ನಾಳೆ ನನ್ನ ಯಾರು ನಂಬ್ತಾರೆ?" ಎಂದುಬಿಟ್ಟರು.

"ನಿಮ್ ಮಗ್ಳು ನಿಜವಾಗ್ಲೂ ಅಲ್ಲೇ ಕೆಲ್ಸದಲ್ಲಿ ಅವ್ಳಾ?" ಎಂದು ಪಕ್ಕದ ಮನೆಯಾಕೆ ಚುಚ್ಚಿದರೆ ಅಜ್ಜಿ ಬರೀ ನಗುತ್ತಿದ್ದರು.

ಅಜ್ಜಿಗೊಂದು ವಿಚಿತ್ರ ಶಕ್ತಿಯಿತ್ತು. ಕೆಲವು ಸಂಜೆ ಸುದ್ದಿ ಮುಗಿದೊಡನೆ, "ಅವ್ಳಿಗೆ ಹುಷಾರಿಲ್ಲ, ಫೋನ್ ಮಾಡೋ" ಎಂದು ಅಪ್ಪನನ್ನು ಬೂತಿಗೆ ಓಡಿಸುತ್ತಿದ್ದರು. ಅತ್ತೆ ನಿಜಕ್ಕೂ ಜ್ವರದಿಂದ ಮಲಗಿರುತ್ತಿದ್ದರು! ತಾಯಿಕರುಳು ಎಂದು ನಾವೆಲ್ಲ ಬೆರಗಾಗುತ್ತಿದ್ದೆವು.

ಅತ್ತೆ ನಿವೃತ್ತರಾದ ದಿನ ಅಜ್ಜಿಯನ್ನು ಕೆಣಕಿದೆ. "ಕೊನೆಗೂ ನಿನ್ನ ಮಗಳು ಟೀವೀಲಿ ಬರ್ಲೇ ಇಲ್ವಲ್ಲಜ್ಜಿ!"

"ದಿನಾ ಬತ್ತಿದ್ಳಲ್ಲೋ! ಕೊನೇಲಿ ಮಳೆ ಮೋಡದ ಸುದ್ದಿ ಹೇಳೋವಾಗ ಒಂದು ಕೆರೆ ತೋರ್ಸೋರು, ನೋಡಿಲ್ವಾ? ಏರಿ ಮೇಲೆ ಬಾಗಿರೋ ಬೇವಿನ ಮರ ಐತಲ್ಲ? ಅದು ನಮ್ ಕೆರೆ ಕಣೋ. ಹೆಸ್ರು ಹೇಳ್ತಿರ್ಲಿಲ್ಲ, ಅಷ್ಟೆ. ಅವ್ಳು ಕೆಲ್ಸಕ್ಕೆ ಬಂದಿದ್ರೆ ಕೆರೆ, ಇಲ್ದಿದ್ರೆ ಯಾವ್ದೋ ಬೆಟ್ಟ. ಭಾನುವಾರ ಅವ್ಳಿಗೆ ರಜಾ, ಬೆಟ್ಟ ಬಂದ್ರೂ ಸುಮ್ಕಿರ್ತಿದ್ದೆ. ಬೇರೆ ದಿನ ಬಂದ್ರೆ ಜೀವ ಹಾರೋದು."

ನಾನೂ ಅದೇ ಟೀವಿ ನೋಡಿದವನು. ದಿನವೂ ಓಡಾಡುವ ಕೆರೆಯ ಗುರುತು ಹತ್ತಿರಲಿಲ್ಲ!

ಮುಂದಿನ ವಾರ ಅತ್ತೆ ಊರಿಗೆ ಬಂದಾಗ ತಡೆಯಲಾಗಲಿಲ್ಲ. "ಅತ್ತೆ, ನೀವು ತೋರಿಸ್ತಿದ್ದ ಕೆರೆ ನಮ್ಮದೇ ಅಂತ ಅಜ್ಜಿಗೆ ಮೊದಲಿಂದಲೂ ಗೊತ್ತಿತ್ತಂತೆ. ಅದನ್ನ ನೋಡಿಯೇ ನೀವು ಚೆನ್ನಾಗಿದೀರಿ ಅಂದ್ಕೊಳ್ತಿದ್ರಂತೆ."

ಅತ್ತೆ ಕಾಫಿ ಲೋಟ ಕೆಳಗಿಟ್ಟರು.

"ಮೂಲ ಯಾರು?"

"ಅಜ್ಜೀನೇ."

ಅತ್ತೆಯ ಕಣ್ಣು ತುಂಬಿ ಬಂತು. ಅಜ್ಜಿಯಿದ್ದ ಅಡುಗೆಮನೆಯತ್ತ ನೋಡುತ್ತ, "ಹಾಗಾದ್ರೆ ಎರಡನೇದು ಬೇಡ ಬಿಡು" ಎಂದರು.